ಬಾವಿಯ ಪಂಪಿಗೆ 6203 ಡಿಡಿಯು ಬೇರಿಂಗ್: ಮೂರು ಮಳೆಗಾಲದ ನಂತರ

ನಮ್ಮ ಮನೆ ಉಡುಪಿಯ ಮಲ್ಪೆಯಲ್ಲಿ, ಕಡಲಿಗೆ ಹತ್ತಿರ. ಬಾವಿಕಟ್ಟೆಯ ಪಕ್ಕ ಅರ್ಧ ಎಚ್‌ಪಿ ಪಂಪು ಇದೆ. ಅದಕ್ಕೆ ಎನ್‌ಎಸ್‌ಕೆ ಕಂಪನಿಯ 6203 ಡಿಡಿಯು, ಅಂದರೆ ರಬ್ಬರ್ ಸೀಲಿನ ಬೇರಿಂಗ್ ಹಾಕಿಸಿ ಮೂರು ಮಳೆಗಾಲ ಕಳೆಯಿತು. ಇವತ್ತಿಗೂ ಸದ್ದಿಲ್ಲದೆ ತಿರುಗುತ್ತಿದೆ.

ಮೊದಲು ಹಾಕಿಸಿದ್ದೂ 6203 ಆಗಿತ್ತು. ಅದು ವರ್ಷ ತುಂಬುವ ಮೊದಲೇ, ಆಟಿಯ ಮಳೆಯಲ್ಲಿ, ಕಿರ್ರೆನ್ನಲು ಶುರು ಮಾಡಿತು. ಬಿಚ್ಚಿಸಿದರೆ ಗ್ರೀಸ್ ಇರಬೇಕಾದ ಕಡೆ ಕೆಂಪು ತುಕ್ಕಿನ ರಾಡಿ! ಅಂಗಡಿಯಲ್ಲಿ ನಾನು ಬರೀ '6203' ಅಂತ ಕೇಳಿದ್ದೆ. ಅವರು ತಗಡಿನ ಮುಚ್ಚಳದ ಝಡ್‌ಝಡ್ ಕೊಟ್ಟಿದ್ದರು.

ಅಂಕಿಯಲ್ಲಿ ಗೊಂದಲ ಕಡಿಮೆ. 62 ಅಂದರೆ ಸರಣಿ. ಕೊನೆಯ ಎರಡು ಅಂಕಿ ಒಳತೂತಿನ ಅಳತೆ. 04ರಿಂದ ಮುಂದೆ 5ರಿಂದ ಗುಣಿಸಿದರಾಯಿತು, 6204ಕ್ಕೆ 20 ಮಿ.ಮೀ. ಆದರೆ 00, 01, 02, 03 ಈ ಲೆಕ್ಕಕ್ಕೆ ಬರುವುದಿಲ್ಲ. ಅವು 10, 12, 15, 17. ಯಾವ ಕಂಪನಿಯ 6203 ತಂದರೂ ಹೊರಗೆ 40, ದಪ್ಪ 12. ಹಾಗಾಗಿ ಯಾವುದು ತಂದರೂ ಕೂರುತ್ತದೆ. ಮೋಸ ಹೋಗುವುದು ಇಲ್ಲೇ.

ಮುಖ್ಯವಾದದ್ದು ಅಂಕಿಯ ನಂತರ ಬರುವ ಅಕ್ಷರ. ಝಡ್‌ಝಡ್ ಅಂದರೆ ಎರಡೂ ಬದಿ ತಗಡಿನ ಮುಚ್ಚಳ. ಧೂಳು ತಡೆಯುತ್ತದೆ, ಆದರೆ ಸಣ್ಣ ಸಂದು ಇರುವುದರಿಂದ ತೇವ ಒಳಗೆ ಹೋಗುತ್ತದೆ. ನಮ್ಮ ಉಪ್ಪುಗಾಳಿಗೆ ರಬ್ಬರ್ ಸೀಲೇ ಬೇಕು. ಅದನ್ನು ಎನ್‌ಎಸ್‌ಕೆ ಡಿಡಿಯು ಅಂತ, ಎನ್‌ಟಿಎನ್ ಎಲ್‌ಎಲ್‌ಯು ಅಂತ, ಎಸ್‌ಕೆಎಫ್ 2ಆರ್‌ಎಸ್‌ಎಚ್ ಅಂತ ಬರೆಯುತ್ತವೆ. ಹೆಸರು ಮೂರು, ಕೆಲಸ ಒಂದೇ. ಎನ್‌ಎಸ್‌ಕೆಯಲ್ಲೇ ವಿವಿ ಅಂತಲೂ ಬರುತ್ತದೆ. ನೋಡಲು ಅದೂ ರಬ್ಬರೇ, ಆದರೆ ಒಳಬಳೆಗೆ ತಾಗುವುದಿಲ್ಲ. ಸಲೀಸಾಗಿ ತಿರುಗುತ್ತದೆ, ನೀರು ತಡೆಯುವುದು ಕಡಿಮೆ. ಕೈಯಲ್ಲಿ ತಿರುಗಿಸಿದಾಗ ಡಿಡಿಯು ಸ್ವಲ್ಪ ಬಿಗಿ ಅನಿಸುತ್ತದೆ, ಹೆದರಬೇಡಿ. ನಿಮಿಷಕ್ಕೆ 2,880 ಸುತ್ತಿನ ಪಂಪಿಗೆ ಅದು ಏನೂ ಅಲ್ಲ.

ಕೊನೆಯಲ್ಲಿ ಸಿ3 ಅಂತ ಇದ್ದರೆ ಮೂರನೇ ದರ್ಜೆಯ ಮಾಲು ಅಂದುಕೊಳ್ಳುವವರಿದ್ದಾರೆ. ಹಾಗಲ್ಲ. ಒಳಗಿನ ಸಡಿಲ ಸ್ವಲ್ಪ ಜಾಸ್ತಿ ಅಂತ ಅರ್ಥ, ಮೋಟಾರು ಬಿಸಿಯಾದಾಗ ಬಿಗಿಯಾಗಬಾರದಲ್ವಾ? ಹಳೆಯದರಲ್ಲಿ ಸಿ3 ಇದ್ದರೆ ಹೊಸದರಲ್ಲೂ ಅದನ್ನೇ ಕೇಳಿ.

ಪಂಪಿನ ನೀರು ಮೋಟಾರಿನ ಕಡೆ ಬರದಂತೆ ತಡೆಯುವ ಮೆಕ್ಯಾನಿಕಲ್ ಸೀಲ್ ಸೋರುತ್ತಿದ್ದರೆ ಯಾವ ಬೇರಿಂಗೂ ಉಳಿಯುವುದಿಲ್ಲ. ನಾನು ಎರಡನ್ನೂ ಒಟ್ಟಿಗೆ ಬದಲಿಸಿದೆ. ಇನ್ನೊಂದು, ಫಿಟ್ಟರ್ ಬಿಚ್ಚುವಾಗ ಮೋಟಾರಿನ ಎರಡೂ ಬದಿಯ ಬೇರಿಂಗಿನ ನಂಬರ್ ನೀವೇ ಓದಿಕೊಳ್ಳಿ. ನಮ್ಮ ಪಂಪಿನಲ್ಲಿ ಫ್ಯಾನ್ ಬದಿಗೆ ಇದ್ದದ್ದು 6202.