ಛತ್ರದ ಕೇಸಿಗೆ ಹಿಡಿದ ವಕೀಲರು: ಐದಕ್ಕೆ ನಾಲ್ಕು

ಧಾರವಾಡದ ಹೈಕೋರ್ಟ್ ಪೀಠದಲ್ಲಿ ನಮ್ಮ ಅಪೀಲು ನಡೆಸುತ್ತಿರುವ ವಕೀಲರೊಬ್ಬರ ಬಗ್ಗೆ ಬರೆಯುತ್ತಿದ್ದೇನೆ. ಕೇಸು ಇನ್ನೂ ಮುಗಿದಿಲ್ಲ, ಅದಕ್ಕೇ ಅವರ ಹೆಸರೂ ಇಲ್ಲ, ನಮ್ಮೂರಿನ ಹೆಸರೂ ಇಲ್ಲ.

ನಮ್ಮೂರ ಬಸ್‌ಸ್ಟ್ಯಾಂಡ್ ಹಿಂದೆ ಒಂದು ಛತ್ರವಿದೆ. ಸಂತೆಗೆ ಬಂದವರು ರಾತ್ರಿ ಮಲಗಿ ಹೋಗಲಿ ಎಂದು ಒಬ್ಬ ವ್ಯಾಪಾರಿ ಕಟ್ಟಿಸಿ, ಖರ್ಚಿಗೆಂದು ಹೊಲವನ್ನೂ ಬಿಟ್ಟಿದ್ದರು. ಈಗ ಟ್ರಸ್ಟಿಗಳಾಗಿರುವ ಮೊಮ್ಮಕ್ಕಳು ಅದು ಮನೆತನದ ಆಸ್ತಿ ಅನ್ನುತ್ತಾರೆ. ಮುಂದಿನ ಜಾಗದಲ್ಲಿ ಮಳಿಗೆ ಎಬ್ಬಿಸುವ ಮಾತುಕತೆಯೂ ನಡೆದಿತ್ತು. ಇಂಥ ದಾವೆ ಹಾಕಲು ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 92ರಂತೆ ಹಿತಾಸಕ್ತಿಯುಳ್ಳ ಇಬ್ಬರಾದರೂ ಬೇಕು, ಕೋರ್ಟಿನ ಅನುಮತಿಯೂ ಬೇಕು. ಗಣಿತ ಕಲಿಸಿ ನಿವೃತ್ತನಾದ ನಾನೊಬ್ಬ, ಅಂಚೆ ಹಂಚಿ ನಿವೃತ್ತರಾದ ಗೆಳೆಯರೊಬ್ಬರು. ಅನುಮತಿ ಸಿಕ್ಕಿತು, ವರ್ಷಗಟ್ಟಲೆ ಓಡಾಡಿದೆವು, ಜಿಲ್ಲಾ ನ್ಯಾಯಾಲಯದಲ್ಲಿ ಸೋತೆವು. ಅದು ಸಾರ್ವಜನಿಕ ಧರ್ಮಾದಾಯ, ಅಂದರೆ ಜನರಿಗೆಂದು ಬಿಟ್ಟ ಆಸ್ತಿ, ಅನ್ನಲು ಪುರಾವೆ ಸಾಲದಂತೆ.

ಹೈಕೋರ್ಟಿಗೆ ಹೋಗಲು 90 ದಿನ. ತೀರ್ಪಿನ ದಿನದಿಂದ ಎಣಿಸಿ ಇನ್ನು 12 ದಿನ ಮಾತ್ರ ಎಂದು ಬೆವರುತ್ತ ಈ ವಕೀಲರ ಎದುರು ಕೂತೆ. ಅವರು ಮೊದಲು ನೋಡಿದ್ದು ತೀರ್ಪನ್ನಲ್ಲ, ನಕಲಿನ ಮೇಲಿನ ಮುದ್ರೆಯನ್ನು. "ನಕಲಿಗೆ ಅರ್ಜಿ ಕೊಟ್ಟು ಅದು ತಯಾರಾಗೂತನಾ ಹೋದ ದಿನ ಲೆಕ್ಕಕ್ಕ ಬರಂಗಿಲ್ರೀ ಮಾಸ್ತರ. ಗಣಿತ ಕಲಿಸಿದವ್ರು, ಕಳಿಯೂದು ಮರ್ತ್ರಿ ನೋಡ್ರಿ" ಅಂದರು. ಅಲ್ಲೇ ನನಗೆ ಅರ್ಧ ವಿಶ್ವಾಸ ಬಂತು.

"ಮೊದಲ ಸ್ಟೇ ತರ್ರಿ ಮೇಡಂ" ಅಂದೆ. "ಎದರ ಮ್ಯಾಲೆ ತರೂದು? ನಿಮ್ಮ ದಾವೆ ವಜಾ ಆಗೇತಿ." ಸ್ಟೇ ಅನ್ನುವುದು ಡಿಕ್ರಿಯ, ಅಂದರೆ ತೀರ್ಪಿನಂತೆ ಹೊರಟ ಆದೇಶದ, ಜಾರಿಯನ್ನು ನಿಲ್ಲಿಸಲು. ವಜಾ ಆದ ದಾವೆಯಲ್ಲಿ ಜಾರಿ ಮಾಡಲು ಏನಿದೆ? ನಮಗೆ ಬೇಕಾದದ್ದು ಅದೇ ಸಂಹಿತೆಯ ಆರ್ಡರ್ 39ರ ತಾತ್ಕಾಲಿಕ ಇಂಜಂಕ್ಷನ್, ಅಂದರೆ ಎದುರಿನವರು ಸದ್ಯಕ್ಕೆ ಆಸ್ತಿಗೆ ಕೈಹಚ್ಚದಂತೆ ತಡೆಯುವ ಆದೇಶ. ಕೆಳಗಿನ ಕೋರ್ಟಿಗಿದ್ದ ಅಧಿಕಾರವೆಲ್ಲ ಕಲಂ 107ರಿಂದ ಅಪೀಲು ಕೋರ್ಟಿಗೂ ಇರುವುದರಿಂದ ಅದನ್ನು ಅಲ್ಲೇ ಕೇಳಬಹುದು. ಕೇಳಿದರು. ಆಸ್ತಿ ಪರಭಾರೆ ಮಾಡಕೂಡದು, ಸ್ವರೂಪ ಬದಲಿಸಕೂಡದು ಎಂಬ ಆದೇಶ ಎರಡನೇ ವಾಯಿದೆಗೆ ಬಂತು. ಮಳಿಗೆಯ ಮಾತು ಅಲ್ಲಿಗೆ ನಿಂತಿತು.

ಇಷ್ಟಕ್ಕೇ ನಾಲ್ಕು ಸ್ಟಾರ್ ಕೊಡುತ್ತಿರಲಿಲ್ಲ. ದಾನಪತ್ರದ ವಿಷಯಕ್ಕೆ ಬರುತ್ತೇನೆ.

ಸೋತ ಮೇಲೆ ನಮಗೆ ಮೂಲ ದಾನಪತ್ರದ ನಕಲು ಸಿಕ್ಕಿತ್ತು. ಹಳೆಯ ವಕೀಲರು "ಅದೇನು, ಹೈಕೋರ್ಟಿನಾಗ ಇಟ್ಟರಾತು" ಅಂದಿದ್ದರು. ಅಷ್ಟು ಸಲೀಸಲ್ಲ ಎಂದು ಗೊತ್ತಾದದ್ದು ಇಲ್ಲಿ. ಅಪೀಲಿನಲ್ಲಿ ಹೊಸ ಪುರಾವೆಗೆ ಆರ್ಡರ್ 41 ರೂಲ್ 27ರ ಬಾಗಿಲಿನಿಂದಲೇ ಹೋಗಬೇಕು: ಕೆಳಗಿನ ಕೋರ್ಟು ತಪ್ಪಾಗಿ ನಿರಾಕರಿಸಿರಬೇಕು, ಇಲ್ಲವೆ ಎಷ್ಟು ಪ್ರಯತ್ನಪಟ್ಟರೂ ಆಗ ಸಿಗದೇ ಇದ್ದಿರಬೇಕು, ಇಲ್ಲವೆ ತೀರ್ಪು ಹೇಳಲು ಸ್ವತಃ ಕೋರ್ಟಿಗೇ ಅದು ಬೇಕೆನ್ನಿಸಬೇಕು. "ರಿಜಿಸ್ಟರ್ ಆದ ಪತ್ರ, ಮೊದಲs ಯಾಕ ತರಲಿಲ್ಲ ಅಂತ ಕೇಳ್ತಾರ. ಏನ್ ಹೇಳೂಣು?" ಎಂದು ಕೋರ್ಟಿಗಿಂತ ಮುಂಚೆ ಅವರೇ ನಮ್ಮನ್ನು ಹಿಂಡಿದರು. ಉತ್ತರ ಸಿಕ್ಕಿದ್ದು ಪೋಸ್ಟ್‌ಮನ್ ಗೆಳೆಯರಿಂದ. ಛತ್ರದ ಹೊಲ ಪಕ್ಕದ ತಾಲ್ಲೂಕಿನಲ್ಲಿದೆ. ಆಸ್ತಿಯ ಯಾವುದಾದರೂ ಭಾಗ ಇರುವ ಕಡೆ ನೋಂದಣಿ ಮಾಡಿಸಬಹುದಾದ್ದರಿಂದ ಪತ್ರ ಅಲ್ಲಿ ರಿಜಿಸ್ಟರ್ ಆಗಿತ್ತು. ನಾವು ನಮ್ಮೂರ ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲೇ ಎರಡು ಸಲ ಹುಡುಕಿಸಿ ಬರಿಗೈಲಿ ಬಂದಿದ್ದೆವು. ಆ ಹುಡುಕಾಟದ ರಸೀದಿಗಳು ನನ್ನ ಬಿಸ್ಕತ್ತಿನ ಡಬ್ಬಿಯಲ್ಲಿದ್ದವು. ಅವೇ ಅಫಿಡವಿಟ್ಟಿನ ಜೀವವಾದವು.

ಎದುರಿನ ವಕೀಲರು ಜಾಣರು. ಹೊಸ ಪತ್ರ ತೆಗೆದುಕೊಳ್ಳುವುದಾದರೆ ಇಡೀ ಕೇಸನ್ನೇ ಕೆಳಗೆ ಕಳಿಸಿ ಎಂದರು. ನಾನು ಹಿಂದಿನ ಬೆಂಚಿನಲ್ಲಿ ಕೂತು ಲೆಕ್ಕ ಹಾಕಿದೆ: ಮತ್ತೆ ವಿಚಾರಣೆ, ಮತ್ತೆ ತೀರ್ಪು, ಮತ್ತೆ ಅಪೀಲು. ನನಗೀಗ 71. ನಮ್ಮ ವಕೀಲರು ಅದೇ ಆರ್ಡರ್ 41ರ ರೂಲ್ 28 ಹಿಡಿದರು. ಈ ಒಂದು ಪತ್ರದ ಮಟ್ಟಿಗೆ ಜಿಲ್ಲಾ ನ್ಯಾಯಾಲಯ ಸಾಕ್ಷ್ಯ ದಾಖಲಿಸಿ ಮೇಲೆ ಕಳಿಸಲಿ, ಅಪೀಲು ಇಲ್ಲೇ ಇರಲಿ ಎಂದರು. ಕೋರ್ಟು ಒಪ್ಪಿತು. ಸಾಕ್ಷ್ಯ ದಾಖಲಾಗಿ ಬಂದಿದೆ, ಕೊನೆಯ ವಾದ ಬಾಕಿ. ಗೆಲ್ಲುತ್ತೇವೆ ಎಂದು ಅವರು ಒಂದು ದಿನವೂ ಹೇಳಿಲ್ಲ. ಮೊದಲ ಅಪೀಲಿನಲ್ಲಿ ಸಂಗತಿ, ಕಾನೂನು ಎರಡನ್ನೂ ಹೊಸದಾಗಿ ತೂಗಿಸಿಕೊಳ್ಳುವ ಹಕ್ಕು ನಮಗಿದೆ ಎಂದು ಮಾತ್ರ ಹೇಳಿ, ಆ ಮಾತಿಗೆ ಆಧಾರವಾದ ಸಂತೋಷ್ ಹಜಾರಿ ಕೇಸಿನ 2001ರ ಸುಪ್ರೀಂ ಕೋರ್ಟ್ ತೀರ್ಪಿನ ಝೆರಾಕ್ಸ್ ಕೈಗಿಟ್ಟರು. ನಾನು ಪೆನ್ಸಿಲ್ ಹಿಡಿದು ಓದಿದೆ.

ಒಂದು ಸ್ಟಾರ್ ಕಡಿದದ್ದು ಹೀಗೆ. ಫೀ 75,000 ರೂಪಾಯಿ, ಮೂರು ಕಂತು, ಮೂರಕ್ಕೂ ರಸೀದಿ. ಅದರ ಬಗ್ಗೆ ತಕರಾರಿಲ್ಲ. ಟೈಪಿಂಗು, ಪೇಪರ್‌ಬುಕ್ಕು (ಕೋರ್ಟಿಗೆ ಕೊಡುವ ದಾಖಲೆಗಳ ಕಟ್ಟು) ಎಂದು ಆಮೇಲೆ 6,400 ಕೇಳಿದರು, ಮೊದಲೇ ಹೇಳಬಹುದಿತ್ತು. ಜೂನಿಯರ್ ಹುಡುಗ ಒಮ್ಮೆ ತಪ್ಪು ತಾರೀಕು ಹೇಳಿ, ನಾವಿಬ್ಬರೂ ನಸುಕಿನ ಬಸ್ಸು ಹಿಡಿದು ಬಂದು ಸುಮ್ಮನೆ ಮಿರ್ಚಿ ತಿಂದು ಹೋದೆವು. ಫೋನಂತೂ ಎತ್ತುವುದೇ ಇಲ್ಲ. ಮೆಸೇಜು ಹಾಕಿ, ರಾತ್ರಿ ಎಂಟರ ಮೇಲೆ ಉತ್ತರ ಬರುತ್ತದೆ.

ಆಫೀಸು ಎರಡನೇ ಮಹಡಿ, ಲಿಫ್ಟ್ ಇಲ್ಲ. ಗೆಳೆಯರಿಗೆ ಮೊಣಕಾಲು ನೋವು. ಅವರ ಅಫಿಡವಿಟ್ಟನ್ನು ವಕೀಲರೇ ಕೆಳಗಿಳಿದು ಬಂದು, ಚಹಾದಂಗಡಿಯ ಬೆಂಚಿನ ಮೇಲೆ ಕೂತು, ಸಾಲುಸಾಲಾಗಿ ಕನ್ನಡದಲ್ಲಿ ಓದಿ ಹೇಳಿದರು. ಚಹಾದ ದುಡ್ಡೂ ಅವರೇ ಕೊಟ್ಟರು.