ಆಡಿನ ಗೊರಸು ಕತ್ತರಿ: ತುದಿ ಚೂಪಾಗಿದ್ದರೆ ಮಾತ್ರ ಕೊಳ್ಳಿ

ಆಡಿನ ಗೊರಸು ಸವರಲು ಗುಲಾಬಿ ಗಿಡದ ಕಟ್ಟರ್ ಸಾಲದೇ ಎಂದು ಹಲವರು ಕೇಳುತ್ತಾರೆ. ಸಾಲದು. ಅದರ ಅಲಗು ಕೊಕ್ಕಿನಂತೆ ಬಾಗಿ ದಪ್ಪಗಿರುತ್ತದೆ. ಗೊರಸಿನ ಅಂಚು ಬೆಳೆದು ಅಡಿಗೆ ಮಡಚಿಕೊಂಡ ಜಾಗಕ್ಕೆ ಅದು ತೂರುವುದೇ ಇಲ್ಲ. ಹಿಕ್ಕೆ, ಕೆಸರು ಸೇರಿ ಕೊಳೆಯುವುದು ಅದೇ ಮಡಿಕೆಯಲ್ಲಿ. ಗಾಳಿಯಾಡದ ಅಲ್ಲೇ ಕಾಲುಕೊಳೆ ರೋಗದ ಬ್ಯಾಕ್ಟೀರಿಯಾ ಬೆಳೆಯುವುದು.

ಗೊರಸಿಗೆಂದೇ ಮಾಡಿದ ಸ್ಪ್ರಿಂಗ್ ಕತ್ತರಿಯ ಅಲಗುಗಳು ನೇರ, ತೆಳು, ತುದಿ ಚೂಪು. ಮುಚ್ಚಿದ ತುದಿಯಿಂದಲೇ ಕಪ್ಪು ಕೊಳೆಯನ್ನು ಕೆರೆದು ತೆಗೆಯಬಹುದು. ಆಮೇಲೆ ಒಂದು ಅಲಗನ್ನು ಮಡಿಕೆಯೊಳಗೆ ತೂರಿಸಿ, ಹಿಮ್ಮಡಿಯಿಂದ ತುದಿಯ ಕಡೆಗೆ ಸ್ವಲ್ಪ ಸ್ವಲ್ಪವೇ ಕತ್ತರಿಸಬೇಕು. ಒಂದು ಅಲಗಿಗೆ ಹಲ್ಲು ಇರುವ ಮಾದರಿ ಉತ್ತಮ, ಒದ್ದೆ ಗೊರಸಿನ ಮೇಲೆ ಜಾರುವುದಿಲ್ಲ. ಕೂದಲು ಮುಗಿಯುವ ಗೆರೆಗೆ ಪಾದದ ಅಡಿ ಸಮಾನಾಂತರವಾಗಿ ಬಂದರೆ ಅಳತೆ ಸರಿ. ಅಡಿಭಾಗ ಹಸಿ ಕೊಬ್ಬರಿಯಂತೆ ಬೆಳ್ಳಗೆ ಕಾಣುವವರೆಗೆ ಧೈರ್ಯವಾಗಿ ಸವರಿ. ನಸುಗೆಂಪು ಇಣುಕಿತೋ, ಅಲ್ಲಿಗೇ ನಿಲ್ಲಿಸಿ, ಅದರ ಹಿಂದೆಯೇ ರಕ್ತವಿದೆ. ರಕ್ತ ಬಂದರೆ ಶುದ್ಧ ಬಟ್ಟೆಯಿಂದ ಒತ್ತಿ ಹಿಡಿದು, ನಿಂತ ಮೇಲೆ ಟಿಂಕ್ಚರ್ ಅಯೋಡಿನ್ ಹಚ್ಚಿ.

ಕೊರತೆಗಳೂ ಇವೆ. ಬೇಸಿಗೆಯಲ್ಲಿ ಗೊರಸು ಕಲ್ಲಿನಂತಾಗುತ್ತದೆ, ಆಗ ಒತ್ತಿ ಕತ್ತರಿಸಿದರೆ ಅಲಗುಗಳ ನಡುವೆ ಸಂದು ಬೀಳುತ್ತದೆ, ಗೊರಸು ತುಂಡಾಗುವ ಬದಲು ಸಿಕ್ಕಿಕೊಳ್ಳುತ್ತದೆ. ಮೊದಲು ಒದ್ದೆ ಗೋಣಿಚೀಲದ ಮೇಲೆ ಸ್ವಲ್ಪ ಹೊತ್ತು ನಿಲ್ಲಿಸಿ, ಇಲ್ಲವೇ ಮಳೆಯ ಮರುದಿನ ಮಾಡಿ. ರಿವೆಟ್ ಹೊಡೆದ ಕತ್ತರಿ ಒಮ್ಮೆ ಸಡಿಲವಾದರೆ ಮುಗಿಯಿತು. ಬೋಲ್ಟ್ ಇರುವುದನ್ನೇ ಕೇಳಿ, ಬಿಚ್ಚಿ ಬಿಗಿ ಮಾಡಬಹುದು. ಹರಿತ ಮಾಡುವಾಗ ನಯವಾದ ಅಲಗಿನ ಇಳಿಜಾರು ಮಗ್ಗುಲನ್ನಷ್ಟೇ ಸಾಣೆ ಹಿಡಿಯಿರಿ, ಹಲ್ಲಿನ ಅಲಗನ್ನು ಮುಟ್ಟಬೇಡಿ. ಹಿಡಿಯ ಕೊಂಡಿ ತುಂಬ ಮಾದರಿಗಳಲ್ಲಿ ಬಲವಿಲ್ಲ. ಜೇಬಿನಲ್ಲಿ ಬಾಯ್ತೆರೆದರೆ ಅಪಾಯ, ಚರ್ಮದ ಚೀಲದಲ್ಲಿಡಿ.

ಕುಂಟುವ ಆಡನ್ನು ಕೊನೆಗೆ ಹಿಡಿಯಿರಿ, ಪ್ರತಿ ಆಡಿನ ನಂತರ ಅಲಗನ್ನು ಸ್ಪಿರಿಟ್‌ನಿಂದ ಒರೆಸಿ. ಮಳೆಗಾಲದಲ್ಲಿ ಸವರಿದ ಮೇಲೆ 10 ಲೀಟರ್ ನೀರಿಗೆ 1 ಕೆ.ಜಿ. ಜಿಂಕ್ ಸಲ್ಫೇಟ್ ಕರಗಿಸಿ, ಗೊರಸು ಮುಳುಗುವಂತೆ 5ರಿಂದ 15 ನಿಮಿಷ ನಿಲ್ಲಿಸುವುದು ಒಳ್ಳೆಯದು. ಕುಡಿಯಲು ಬಿಡಬೇಡಿ. ಆ ನೀರು ತಾಗಿದ ಕತ್ತರಿಯನ್ನು ತೊಳೆದು ಎಣ್ಣೆ ಸವರದಿದ್ದರೆ ಬೋಲ್ಟ್ ತುಕ್ಕು ಹಿಡಿಯುತ್ತದೆ. ಬಾಯಲ್ಲಿ ಬೊಕ್ಕೆ, ಜೊಲ್ಲು ಇದ್ದು ಕುಂಟುತ್ತಿದ್ದರೆ ಕಾಲುಬಾಯಿ ಜ್ವರವಿರಬಹುದು, ಕತ್ತರಿ ಬದಿಗಿಟ್ಟು ಪಶುವೈದ್ಯರನ್ನು ಕರೆಸಿ. ತುಂಬು ಗಬ್ಬದ ಆಡನ್ನೂ ಮರಿ ಹಾಕುವವರೆಗೆ ಕೆಡವಿ ಹಿಡಿಯುವುದು ಬೇಡ.

ಕಲ್ಲುಗುಡ್ಡದಲ್ಲಿ ದಿನವಿಡೀ ಮೇಯುವ ಆಡುಗಳ ಗೊರಸು ತಾನೇ ಸವೆಯುತ್ತದೆ, ಅವುಗಳಿಗೆ ಈ ಖರ್ಚು ಅಷ್ಟಾಗಿ ಬೇಕಿಲ್ಲ. ಅಟ್ಟಣಿಗೆ ಕೊಟ್ಟಿಗೆಯಲ್ಲಿ ಕಟ್ಟಿ ಮೇಯಿಸುವವರಿಗೆ 6ರಿಂದ 8 ವಾರಕ್ಕೊಮ್ಮೆ ಇದು ಬೇಕೇ ಬೇಕು.