ಮನವಿ ಕೊಡುತ್ತಾ ಕುಳಿತು ಕೆಎಟಿಯ ಗಡುವು ಕಳೆದುಕೊಂಡೆ

ಇಲಾಖೆಯ ಆದೇಶದಿಂದ ಅನ್ಯಾಯವಾಗಿದೆಯೆಂದು ಮೇಲಧಿಕಾರಿಗಳಿಗೆ ಮನವಿಯ ಮೇಲೆ ಮನವಿ ಸಲ್ಲಿಸುತ್ತಿರುವ ರಾಜ್ಯ ಸರ್ಕಾರಿ ನೌಕರರು ದಯವಿಟ್ಟು ಇದನ್ನು ಓದಬೇಕು. ಕೆಎಟಿ ಎಂದರೆ ನೌಕರರ ಸೇವಾ ವಿವಾದಗಳನ್ನು ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ.

2015ರ ಜೂನ್‌ನಲ್ಲಿ ನನಗೆ ತಲುಪಿದ ಆದೇಶ ಒಂದೇ ಪುಟದ್ದು. 2007ರಲ್ಲಿ ನನ್ನ ವೇತನ ನಿಗದಿ ತಪ್ಪಾಗಿದೆ, ಹೆಚ್ಚುವರಿಯಾಗಿ ಪಾವತಿಯಾದ 1,86,000 ರೂಪಾಯಿಯನ್ನು ತಿಂಗಳಿಗೆ 6,000ದಂತೆ 31 ಕಂತುಗಳಲ್ಲಿ ವಸೂಲು ಮಾಡತಕ್ಕದ್ದು ಎಂದಷ್ಟೇ ಅದರಲ್ಲಿತ್ತು. ಮುಂಚಿತವಾಗಿ ನೋಟಿಸ್ ಕೊಟ್ಟಿರಲಿಲ್ಲ. ತಪ್ಪು ಎಲ್ಲಿ ನಡೆಯಿತೆಂಬ ವಿವರವೂ ಇರಲಿಲ್ಲ. ನಾನಾಗ ಪ್ರಥಮ ದರ್ಜೆ ಸಹಾಯಕ, ಅಂದರೆ ಗ್ರೂಪ್ ಸಿ ನೌಕರ.

ಕಾನೂನು ನನ್ನ ಪರವಾಗಿಯೇ ಇತ್ತು ಎಂಬುದು ಇಂದಿಗೂ ಚುಚ್ಚುವ ಸಂಗತಿ. ಗ್ರೂಪ್ ಸಿ ಮತ್ತು ಡಿ ನೌಕರರಿಂದ ಇಂತಹ ವಸೂಲಾತಿ ಸಲ್ಲದೆಂದೂ, ಐದು ವರ್ಷಕ್ಕೂ ಮೀರಿ ಪಾವತಿಯಾದದ್ದನ್ನು ಹಿಂಪಡೆಯಬಾರದೆಂದೂ ಸುಪ್ರೀಂ ಕೋರ್ಟ್ 2014ರ ಡಿಸೆಂಬರ್‌ನಲ್ಲೇ ರಫೀಕ್ ಮಸೀಹ್ ಪ್ರಕರಣದಲ್ಲಿ ಹೇಳಿತ್ತು. ಆದೇಶದಲ್ಲಿ ಬರೆಯದ ಕಾರಣವನ್ನು ಆಮೇಲೆ ನ್ಯಾಯಾಲಯಕ್ಕೆ ಸಲ್ಲಿಸುವ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ತುಂಬಲಾಗದು ಎಂಬುದು ಸುಪ್ರೀಂ ಕೋರ್ಟಿನ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ ಕಾಲದಿಂದ ನಿಂತ ಮಾತು. ನ್ಯಾಯಾಲಯ ಸಾಮಾನ್ಯವಾಗಿ ಅಧಿಕಾರಿಯ ಜಾಗದಲ್ಲಿ ಕುಳಿತು ಹೊಸದಾಗಿ ತೀರ್ಮಾನಿಸುವುದಿಲ್ಲ. ಅಧಿಕಾರವಿತ್ತೇ, ಅಹವಾಲು ಕೇಳಿದರೇ, ಕಾರಣ ಕೊಟ್ಟರೇ ಎಂದು ನೋಡುತ್ತದೆ. ಕೊನೆಯ ಎರಡು ಪ್ರಶ್ನೆಗಳಿಗೆ ನನ್ನ ಆದೇಶದಲ್ಲಿ ಉತ್ತರವೇ ಇರಲಿಲ್ಲ.

ಆದರೆ ನಾನು ಮಾಡಿದ್ದು ಒಂಬತ್ತು ಮನವಿ ಬರೆದದ್ದು. ಪ್ರತಿಯೊಂದರ ನಕಲಿನ ಮೇಲೂ ಟಪಾಲು ಶಾಖೆಯ ದುಂಡನೆಯ ಮೊಹರು, ದಿನಾಂಕ, ಗುಮಾಸ್ತರ ಅಡ್ಡ ಸಹಿ ಹಾಕಿಸಿಕೊಂಡು, ಅವೇ ನನ್ನ ರಕ್ಷೆಯೆಂದು ಜೋಪಾನವಾಗಿ ಇಟ್ಟುಕೊಂಡಿದ್ದೆ. ಕೇಳಿದಾಗಲೆಲ್ಲ ಕಡತ ಪರಿಶೀಲನೆಯಲ್ಲಿದೆ ಎನ್ನುತ್ತಿದ್ದರು. ಇಲಾಖೆಯ ಮೇಲೆಯೇ ಕೇಸು ಹಾಕಿದರೆ ಬಡ್ತಿಗೆ ತೊಂದರೆಯಾದೀತೆಂಬ ಅಳುಕೂ ಇತ್ತೆಂದು ಒಪ್ಪಿಕೊಳ್ಳುತ್ತೇನೆ. 2018ರಲ್ಲಿ, ಕಂತುಗಳೆಲ್ಲ ಮುಗಿದ ಮೇಲೆ, ‘ಕೋರಿಕೆಯನ್ನು ಪರಿಗಣಿಸಲು ಅವಕಾಶವಿರುವುದಿಲ್ಲ’ ಎಂಬ ಒಂದು ಸಾಲಿನ ಹಿಂಬರಹ ಬಂತು.

ಆ ಹಿಂಬರಹದಿಂದ ಹೊಸದಾಗಿ ಕಾಲಾವಕಾಶ ಸಿಗುತ್ತದೆಂದು ನಂಬಿ ಹೈಕೋರ್ಟ್ ವಕೀಲರ ಬಳಿ ಹೋದೆ. ಸೇವಾ ವಿಷಯಕ್ಕೆ ಮೊದಲು ಆಡಳಿತ ನ್ಯಾಯಮಂಡಳಿಗೇ ಹೋಗಬೇಕು, ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನಂತೆ ಹೈಕೋರ್ಟ್ ಆಮೇಲಿನದು ಎಂದು ಅವರು ತಿಳಿಸಿದರು. ಕೆಂಪೇಗೌಡ ರಸ್ತೆಯ ಕಂದಾಯ ಭವನದಲ್ಲಿರುವ ಕೆಎಟಿಯಲ್ಲಿ ವಿಳಂಬ ಮನ್ನಾ ಕೋರಿಕೆಯೊಂದಿಗೆ ಅರ್ಜಿ ಹಾಕಿದೆವು.

1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದ 21ನೇ ಕಲಮಿನ ಪ್ರಕಾರ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ಕಾನೂನುಬದ್ಧ ಮೇಲ್ಮನವಿ ಅಥವಾ ಮನವಿ ಕೊಟ್ಟು ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಅಲ್ಲಿಂದ ಒಂದು ವರ್ಷ. ನಿಯಮಗಳಲ್ಲಿ ಅವಕಾಶವಿಲ್ಲದ ಮನವಿಗಳನ್ನು ಎಷ್ಟು ಬಾರಿ ಕೊಟ್ಟರೂ ಈ ಗಡುವು ಬೆಳೆಯುವುದಿಲ್ಲವೆಂದು ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ 1989ರಲ್ಲಿ ಎಸ್.ಎಸ್. ರಾಥೋರ್ ಪ್ರಕರಣದಲ್ಲಿ ಹೇಳಿದೆ. ನಾನು ಜೋಪಾನ ಮಾಡಿದ್ದ ಒಂಬತ್ತು ಮೊಹರುಗಳು, ತಡಮಾಡಿದ್ದಕ್ಕೆ ನಾನೇ ಒದಗಿಸಿದ ಪುರಾವೆಯಾದವು. ವಿಳಂಬದ ಕಾರಣಕ್ಕೆ ಅರ್ಜಿ ವಜಾ ಆಯಿತು. ವಸೂಲಾತಿ ಸರಿಯೋ ತಪ್ಪೋ ಎಂಬ ಮಾತೇ ಬರಲಿಲ್ಲ.

ನನ್ನ ಪಕ್ಕದ ಮೇಜಿನವರಿಗೂ ಅದೇ ವಾರ ಅದೇ ಒಕ್ಕಣೆಯ ಆದೇಶ ಬಂದಿತ್ತು, ಹೆಸರು ಮತ್ತು ಮೊತ್ತ ಮಾತ್ರ ಬೇರೆ. ಅವರು ಒಂದೇ ಒಂದು ಮನವಿ ಕೊಟ್ಟು, ಎರಡು ತಿಂಗಳೊಳಗೆ ಕೆಎಟಿಗೆ ಹೋಗಿ ತಡೆಯಾಜ್ಞೆ ತಂದರು. ಅವರ ಸಂಬಳದಲ್ಲಿ ಕಡಿತವಾದದ್ದು ಎರಡು ಕಂತು.